ಪ್ರಶ್ನೆ ನಿಮ್ಮದು: ಯೂರಿಪಿಡೀಸ್‌ನ ಕೈಬಿಡದ ಕಕೊಯಾನಿಸ್

ಹೋದ ಸಂಚಿಕೆಲಿ ‘ಜೋರ್ಬಾ ದ ಗ್ರೀಕ್’ ಬಗ್ಗೆ ಒಂದು ಪ್ರಶ್ನೆಗೆ ನಾಲ್ಕೇ ಸಾಲು ಉತ್ತರ ಬರೆದಿದ್ದೆ, ಅದರ ಡೈರೆಕ್ಟರ್ ಬಗ್ಗೆ ಇನ್ನಷ್ಟು ಹೇಳಿ ಅಂತ ತುಂಬಾ ಜನ ಕೇಳಿದೀರಿ. ಮೈಕೇಲ್ ಕಕೊಯಾನಿಸ್ ನಂಗೆ ಬಹಳ ಇಷ್ಟದ ನಿರ್ದೇಶಕ, ಪ್ರಾಚೀನ ಗ್ರೀಕ್ ನಾಟಕಕಾರ ಯೂರಿಪಿಡೀಸ್‌ನ ಮೂರು ನಾಟಕನ ಸಿನಿಮಾ ಮಾಡಿದವರು, ಹಾಗಾಗಿ ಈ ಸಲದ ಜಾಗ ಪೂರ್ತಿ ಅವರಿಗೇ ಕೊಟ್ಟಿದೀನಿ.

ಪ್ರಶ್ನೆ: ಕಕೊಯಾನಿಸ್ ಗ್ರೀಸ್‌ನವರಾ, ಸೈಪ್ರಸ್‌ನವರಾ? ಒಂದೊಂದು ಕಡೆ ಒಂದೊಂದು ಥರ ಬರೆದಿರ್ತಾರೆ. (ಹಾಸನದಿಂದ)

ಎರಡೂ ಸರಿ ಸಾರ್. ಹುಟ್ಟಿದ್ದು ಸೈಪ್ರಸ್‌ನ ಲಿಮಸೋಲ್‌ನಲ್ಲಿ, 1920ರ ದಶಕದ ಶುರುವಲ್ಲಿ. ಆಗ ಸೈಪ್ರಸ್ ಬ್ರಿಟಿಷರ ಕೈಲಿತ್ತು, ಇವರ ಮನೆ ಮಾತು ಗ್ರೀಕ್. ಅಪ್ಪ ಹೆಸರುವಾಸಿ ವಕೀಲರು, ಬ್ರಿಟಿಷ್ ಸರ್ಕಾರದಿಂದ ಸರ್ ಪದವಿ ಪಡೆದವರು. ಸೋದರಿ ಸ್ಟೆಲ್ಲಾ ಸೂಲಿಯೋಟಿ 1960ರಲ್ಲಿ ಸೈಪ್ರಸ್ ಸ್ವತಂತ್ರ ಆದಾಗ ಅಲ್ಲಿನ ಮೊದಲ ನ್ಯಾಯಮಂತ್ರಿ ಆದ್ರು. ಅಂಥ ಮನೆಯ ಹುಡುಗ ಲಾ ಓದಬೇಕು ಅನ್ನೋದು ಮೊದಲೇ ತೀರ್ಮಾನ ಆಗಿತ್ತು, 1939ರಲ್ಲಿ ಲಂಡನ್‌ಗೆ ಕಳಿಸಿದ್ರು, ಓದಿ ವಕೀಲಿಕೆಗೆ ಅರ್ಹತೆನೂ ಪಡೆದ್ರು. ಆದ್ರೆ ಅಷ್ಟೊತ್ತಿಗೆ ಯುದ್ಧ ಶುರುವಾಗಿ ಬಿಬಿಸಿಯ ಗ್ರೀಕ್ ವಿಭಾಗದಲ್ಲಿ ಕೆಲಸಕ್ಕೆ ಸೇರಿಕೊಂಡ್ರು, ಜೊತೆಗೆ ಓಲ್ಡ್ ವಿಕ್‌ನಲ್ಲಿ ರಂಗಭೂಮಿ ಕಲಿತ್ರು, ಲಂಡನ್ ಸ್ಟೇಜ್ ಮೇಲೆ ಕ್ಯಾಲಿಗುಲಾ ಪಾತ್ರ ಮಾಡಿದ್ರು. 1950ರ ದಶಕದ ಶುರುವಲ್ಲಿ ಅಥೆನ್ಸ್‌ಗೆ ಬಂದ್ರು, 1954ರಲ್ಲಿ ಮೊದಲ ಸಿನಿಮಾ ಮಾಡಿದ್ರು, ಅದೊಂದು ಹಗುರ ಕಾಮಿಡಿ, ಲಾಟರಿ ಟಿಕೆಟ್ ಸುತ್ತ ನಡೆಯೋ ಕಥೆ.

ಪ್ರಶ್ನೆ: ಶುರುವಿಂದಲೂ ಇವರಿಗೆ ಪ್ರಾಚೀನ ಗ್ರೀಕ್ ನಾಟಕದ ಹುಚ್ಚು ಇತ್ತಾ? (ಧಾರವಾಡದಿಂದ)

ಸಿನಿಮಾಲಿ ನೋಡಿದ್ರೆ ಮೊದಲ ಏಳೆಂಟು ವರ್ಷ ಅದು ಎದುರಿಗೆ ಕಾಣಲ್ಲ. ಆಗ ಮಾಡಿದ್ದೆಲ್ಲ ಅವತ್ತಿನ ಗ್ರೀಸ್ ಕಥೆಗಳು. ಆದ್ರೆ 1955ರ ‘ಸ್ಟೆಲ್ಲಾ’ನ ಸ್ವಲ್ಪ ನಿಧಾನಕ್ಕೆ ನೋಡಿ. ಹಾಡು, ಬುಝೂಕಿ ವಾದ್ಯ, ಕುಡಿತ ಎಲ್ಲ ಇರೋ ಒಂದು ಹೋಟ್ಲಲ್ಲಿ ಹಾಡೋ ಹೆಂಗಸು ಸ್ಟೆಲ್ಲಾ, ಯಾರನ್ನ ಪ್ರೀತಿಸಿದ್ರೂ ಮದುವೆ ಮಾತ್ರ ಬೇಡ ಅಂತಾಳೆ. ಕೊನೆಗೆ ಚಾಕು ಹಿಡಿದು ನಿಂತಿರೋ ಪ್ರೇಮಿ ಕಡೆಗೆ ತಾನಾಗೇ ನಡ್ಕೊಂಡು ಹೋಗ್ತಾಳೆ. ಓಡಿಹೋಗೋಕೆ ದಾರಿ ಇದ್ದೂ ಓಡಲ್ಲ, ಯಾಕಂದ್ರೆ ಓಡಿದ್ರೆ ಅವಳು ಸ್ಟೆಲ್ಲಾ ಆಗಿ ಉಳಿಯಲ್ಲ. ಇದು ಹಳೇ ರುದ್ರನಾಟಕದ ನಾಯಕಿ ನಡೆಯೋ ದಾರಿನೇ, ಬಟ್ಟೆ ಮಾತ್ರ ಹೊಸದು. ಸ್ಟೆಲ್ಲಾ ಆಗಿ ಮಾಡಿದ್ದು ಮೆಲಿನಾ ಮೆರ್ಕೂರಿ, ಅವರಿಗೆ ಅದೇ ಮೊದಲ ಸಿನಿಮಾ, ಮುಂದೆ ಅವರೇ ಗ್ರೀಸ್‌ನ ಸಂಸ್ಕೃತಿ ಸಚಿವೆ ಆದ್ರು.

ಆಮೇಲೆ 1956ರಲ್ಲಿ ಹೈಡ್ರಾ ದ್ವೀಪದಲ್ಲಿ ತೆಗೆದ ‘ಎ ಗರ್ಲ್ ಇನ್ ಬ್ಲ್ಯಾಕ್’ ಬಂತು. ಸಣ್ಣ ಊರು, ಒಂದು ಬಡ ಮನೆತನದ ಹೆಣ್ಮಗಳು, ಅವಳನ್ನ ಆಡಿಕೊಳ್ಳೋ ಗಂಡಸರ ಗುಂಪು. ಊರು ಅನ್ನೋದು ಒಟ್ಟಾಗಿ ನಿಂತು ಒಬ್ಬರನ್ನ ನೋಡೋದು, ಅಳೆಯೋದು, ಶಿಕ್ಷಿಸೋದು ಇದೆಯಲ್ಲ, ಕಕೊಯಾನಿಸ್‌ಗೆ ಅದು ಬಿಡದೆ ಕಾಡಿದ ವಿಷಯ. ಈ ಸಿನಿಮಾದಿಂದಲೇ ಕ್ಯಾಮೆರಾಮನ್ ವಾಲ್ಟರ್ ಲಸಾಲಿ ಜೊತೆಯಾದ್ರು. ಬರ್ಲಿನ್‌ನಲ್ಲಿ ಹುಟ್ಟಿ ಇಂಗ್ಲೆಂಡಲ್ಲಿ ಬೆಳೆದವರು ಅವರು, ನಮ್ಮಲ್ಲಿ ಚಿತ್ರೀಕರಣ ಆದ ‘ಹೀಟ್ ಅಂಡ್ ಡಸ್ಟ್’ಗೂ ಕ್ಯಾಮೆರಾ ಅವರದ್ದೇ.

ಪ್ರಶ್ನೆ: ಎರಡು ಸಾವಿರದ ನಾನೂರು ವರ್ಷ ಹಳೇ ನಾಟಕನ ಸಿನಿಮಾ ಮಾಡಿದ್ರೆ ನಾಟಕದ ರೆಕಾರ್ಡಿಂಗ್ ಥರ ಆಗಲ್ವಾ? ಇವರು ಅದನ್ನ ಹೇಗೆ ದಾಟಿದ್ರು? (ಮೈಸೂರಿನಿಂದ)

ಬಹಳ ಒಳ್ಳೇ ಪ್ರಶ್ನೆ, ಸ್ವಲ್ಪ ಉದ್ದ ಉತ್ತರ ಕೊಡ್ತೀನಿ. ಕಷ್ಟ ಎಲ್ಲಿದೆ ಅಂದ್ರೆ, ಗ್ರೀಕ್ ನಾಟಕದಲ್ಲಿ ನಟರೆಲ್ಲ ಗಂಡಸರು, ಮುಖಕ್ಕೆ ಮುಖವಾಡ, ಹತ್ತಾರು ಜನರ ಮೇಳ ಕುಣಿದು ಹಾಡಿ ಕಥೆ ಮುಂದಕ್ಕೆ ತಗೊಂಡು ಹೋಗತ್ತೆ, ಕೊಲೆ ಸಾಮಾನ್ಯವಾಗಿ ಸ್ಟೇಜ್ ಮೇಲೆ ನಡೆಯಲ್ಲ, ಒಳಗೆ ನಡೆಯತ್ತೆ, ಒಬ್ಬ ದೂತ ಓಡಿಬಂದು ಹೀಗ್ಹೀಗಾಯ್ತು ಅಂತ ವರದಿ ಮಾಡ್ತಾನೆ. ಸಿನಿಮಾಗೆ ಇದರಲ್ಲಿ ಯಾವುದೂ ಸುಲಭಕ್ಕೆ ಒಗ್ಗಲ್ಲ.

1962ರ ‘ಎಲೆಕ್ಟ್ರಾ’ದಲ್ಲಿ ಕಕೊಯಾನಿಸ್ ಏನು ಮಾಡಿದ್ರು ನೋಡಿ. ಟ್ರಾಯ್ ಯುದ್ಧ ಗೆದ್ದು ಮನೆಗೆ ಬರೋ ರಾಜ ಅಗಮೆಮ್ನನ್‌ನ ಹೆಂಡತಿ ಮತ್ತು ಅವಳ ಪ್ರಿಯಕರ ಸೇರಿ ಸ್ನಾನದಲ್ಲಿ ಬಲೆ ಹಾಕಿ ಕೊಲ್ಲೋ ಭಾಗನ ಮಾತಿಲ್ಲದೆ ಬರೀ ಚಿತ್ರಗಳಲ್ಲಿ ಹೇಳಿಬಿಟ್ರು. ಎಲೆಕ್ಟ್ರಾ ಅಂದ್ರೆ ಈ ರಾಜನ ಮಗಳು, ತಮ್ಮ ಒರೆಸ್ಟೀಸ್ ಜೊತೆ ಸೇರಿ ಅಪ್ಪನ ಕೊಲೆಗೆ ಸೇಡು ತೀರಿಸ್ಕೊಳ್ಳೋಳು. ಯೂರಿಪಿಡೀಸ್‌ನ ನಾಟಕದಲ್ಲಿ ಇದು ದೃಶ್ಯವಾಗಿ ಇಲ್ಲ, ಶುರುವಲ್ಲಿ ಒಬ್ಬ ಬಡ ರೈತ ಬಂದು ಹಳೇ ಕಥೆ ಹೇಳ್ತಾನೆ ಅಷ್ಟೆ. ಮೇಳದ ಜಾಗಕ್ಕೆ ಕಪ್ಪು ಬಟ್ಟೆ ಉಟ್ಟ ಹಳ್ಳಿ ಹೆಂಗಸರನ್ನ ತಂದ್ರು. ಗ್ರೀಸ್ ಹಳ್ಳಿಗಳಲ್ಲಿ ಗಂಡನ್ನೋ ಮಗನ್ನೋ ಕಳ್ಕೊಂಡು ವರ್ಷಗಟ್ಟಲೆ ಕಪ್ಪು ಉಡೋ ಹೆಂಗಸರು ಆಗ ಎಲ್ಲಾ ಕಡೆ ಇದ್ರು, ಆದ್ದರಿಂದ ಮೇಳ ಅನ್ನೋದು ಎಲ್ಲಿಂದಲೋ ತಂದಿಟ್ಟ ಹಾಗೆ ಅನಿಸಲ್ಲ, ಆ ಗುಡ್ಡದಲ್ಲೇ ಹುಟ್ಟಿದವರು ಅನ್ಸತ್ತೆ. ಮುಖವಾಡದ ಜಾಗಕ್ಕೆ ಕ್ಲೋಸಪ್ ಬಂತು, ಅದೂ ಎಲೆಕ್ಟ್ರಾ ಆಗಿ ಮಾಡಿದ ಐರೀನ್ ಪಾಪಸ್ ಮುಖದ ಕ್ಲೋಸಪ್. ಕಪ್ಪು ಬಿಳುಪಲ್ಲಿ ಆ ಹುಬ್ಬು, ಆ ಕತ್ತರಿಸಿದ ಕೂದಲು, ಅದಕ್ಕಿಂತ ಹೆಚ್ಚು ಡೈಲಾಗ್ ಬೇಕಾಗಿಲ್ಲ.

ಇನ್ನೊಂದು, ಯಾವ ನಾಟಕಕಾರನ್ನ ಆರಿಸಿಕೊಂಡ್ರು ಅನ್ನೋದೂ ಮುಖ್ಯ. ಎಲೆಕ್ಟ್ರಾ ಕಥೆನ ಏಸ್ಕಿಲಸ್, ಸೋಫೋಕ್ಲೀಸ್, ಯೂರಿಪಿಡೀಸ್ ಮೂವರೂ ನಾಟಕ ಮಾಡಿದಾರೆ. ಯೂರಿಪಿಡೀಸ್‌ನಲ್ಲಿ ಮಾತ್ರ ರಾಜಕುಮಾರಿನ ಬಡ ರೈತನಿಗೆ ಮದುವೆ ಮಾಡಿಕೊಟ್ಟಿರ್ತಾರೆ, ಅವಳಿಗೆ ಹುಟ್ಟೋ ಮಕ್ಕಳು ಮುಂದೆ ಸೇಡು ತೀರಿಸೋಷ್ಟು ಬಲ ಪಡೀಬಾರದು ಅಂತ. ರೈತ ಎಷ್ಟು ಒಳ್ಳೆಯವನು ಅಂದ್ರೆ ಅವಳನ್ನ ಮುಟ್ಟೋದೂ ಇಲ್ಲ. ಹೀಗೆ ಕಥೆ ಅರಮನೆ ಬಾಗಿಲಿಂದ ಗುಡಿಸಲ ಮುಂದಕ್ಕೆ ಬಂದಿದೆ, ನೀರು ಹೊರೋ ಕೊಡ ಇದೆ, ಮಣ್ಣಿದೆ. ಮೈಸಿನಿ, ಅರ್ಗೋಸ್ ಸೀಮೆಯ ಒಣ ಬೆಟ್ಟಗಳ ಮುಂದೆ ಕ್ಯಾಮೆರಾ ಇಟ್ರೆ ಅರ್ಧ ಕೆಲಸ ಆದಂಗೆ.

ಆದ್ರೆ ನನ್ನ ಪ್ರಕಾರ ಅವರು ತಗೊಂಡ ಅತಿ ದೊಡ್ಡ ನಿರ್ಧಾರ ದೇವರುಗಳನ್ನ ಕಥೆಯಿಂದ ಹೊರಗೆ ಕಳಿಸಿದ್ದು. ನಾಟಕದ ಕೊನೇಲಿ ತಾಯಿನ ಕೊಂದ ಅಕ್ಕ ತಮ್ಮ ನಡುಗ್ತಾ ನಿಂತಿರುವಾಗ ಮೇಲಿಂದ ಅವಳಿ ದೇವರು ಬಂದು ನೀನು ಇವನನ್ನ ಮದುವೆಯಾಗು, ನೀನು ಅಥೆನ್ಸ್‌ಗೆ ಹೋಗು ಅಂತ ಎಲ್ಲ ಇತ್ಯರ್ಥ ಮಾಡ್ತಾರೆ. ಸಿನಿಮಾಲಿ ಯಾರೂ ಬರಲ್ಲ. ತಮ್ಮ ಒಂದು ದಾರಿ, ಅಕ್ಕ ಒಂದು ದಾರಿ. ಮಾಡಿದ್ದನ್ನ ಅವರೇ ಹೊತ್ತುಕೊಂಡು ಹೋಗಬೇಕು. ಮುಂದಿನ ಎರಡು ಯೂರಿಪಿಡೀಸ್ ಸಿನಿಮಾಗಳಲ್ಲೂ ಇದನ್ನೇ ಇನ್ನೂ ಗಟ್ಟಿಯಾಗಿ ಮಾಡಿದಾರೆ, ತಪ್ಪಿನ ಹೊರೆ ಪೂರ್ತಿ ಮನುಷ್ಯನ ಮೇಲೆ.

ಪ್ರಶ್ನೆ: ‘ದ ಟ್ರೋಜನ್ ವಿಮೆನ್’ ಇಂಗ್ಲಿಷಲ್ಲಿ ಯಾಕಿದೆ? ಗ್ರೀಕ್ ಡೈರೆಕ್ಟರ್, ಗ್ರೀಕ್ ನಾಟಕ, ಶೂಟಿಂಗ್ ಮಾತ್ರ ಸ್ಪೇನ್‌ನಲ್ಲಂತೆ! (ಮಂಗಳೂರಿನಿಂದ)

ಅದಕ್ಕೆ ಕಾರಣ ಗ್ರೀಸ್‌ನ ರಾಜಕೀಯ. 1967ರ ಏಪ್ರಿಲ್‌ನಲ್ಲಿ ಅಲ್ಲಿ ಸೇನೆಯ ಕರ್ನಲ್‌ಗಳು ಅಧಿಕಾರ ಕಿತ್ಕೊಂಡ್ರು, 1974ರವರೆಗೂ ಸರ್ವಾಧಿಕಾರ ಇತ್ತು. ಇವರ ಸಂಗೀತ ನಿರ್ದೇಶಕ ಮಿಕಿಸ್ ಥಿಯೊಡೊರಾಕಿಸ್ ಹಾಡುಗಳನ್ನ ಹಾಡೋದು, ಕೇಳೋದು ಎಲ್ಲ ಬ್ಯಾನ್ ಮಾಡಿದ್ರು, ಅವರನ್ನ ಜೈಲಿಗೆ ಹಾಕಿದ್ರು, ಬೆಟ್ಟದ ಹಳ್ಳಿಗೆ ಗಡಿಪಾರು ಮಾಡಿದ್ರು, 1970ರಲ್ಲಿ ಹೊರದೇಶಗಳ ಒತ್ತಡ ಜೋರಾದ ಮೇಲೆ ಬಿಟ್ರು. ಕಕೊಯಾನಿಸ್ ಕೂಡ ಆ ವರ್ಷಗಳನ್ನ ದೇಶದ ಹೊರಗೆ ಕಳೆದ್ರು. 1971ರ ಈ ಸಿನಿಮಾನ ಸ್ಪೇನ್‌ನ ಅತಿಯೆಂಥಾ ಅನ್ನೋ ಹಳೇ ಕೋಟೆ ಊರಲ್ಲಿ ತೆಗೆದ್ರು, ಸಂಗೀತ ಮತ್ತೆ ಥಿಯೊಡೊರಾಕಿಸ್.

ನಾಟಕದ ಹಿನ್ನೆಲೆ ತಿಳ್ಕೊಂಡ್ರೆ ಇದು ಇನ್ನೂ ತೀವ್ರವಾಗಿ ತಟ್ಟತ್ತೆ. ಅಥೆನ್ಸ್ ಮತ್ತು ಸ್ಪಾರ್ಟಾ ನಡುವಿನ ಪೆಲೊಪೊನೀಸಿಯನ್ ಯುದ್ಧದ ಟೈಮಲ್ಲಿ ಮೆಲೋಸ್ ಅನ್ನೋ ಪುಟ್ಟ ದ್ವೀಪ ನಾವು ಯಾರ ಕಡೆಗೂ ಸೇರಲ್ಲ ಅಂದಿದ್ದಕ್ಕೆ ಅಥೆನ್ಸ್ ಸೈನ್ಯ ಮುತ್ತಿಗೆ ಹಾಕಿ, ಊರು ಬಿದ್ದ ಮೇಲೆ ಗಂಡಸರನ್ನ ಕೊಂದು ಹೆಂಗಸರು ಮಕ್ಕಳನ್ನ ಗುಲಾಮರಾಗಿ ಮಾರಿತು. ಆಮೇಲೆ ಕೆಲವೇ ತಿಂಗಳಿಗೆ, ಕ್ರಿ.ಪೂ. 415ರ ವಸಂತದಲ್ಲಿ, ಅದೇ ಅಥೆನ್ಸ್ ಜನರ ಮುಂದೆ ಯೂರಿಪಿಡೀಸ್ ಈ ನಾಟಕ ಇಟ್ಟ. ಟ್ರಾಯ್ ಸುಟ್ಟು ಬಿದ್ದಿದೆ, ಗಂಡಸರೆಲ್ಲ ಸತ್ತಿದಾರೆ, ಹೆಂಗಸರು ಯಾರ ಪಾಲಿಗೆ ಹೋಗ್ತೀವಿ ಅಂತ ಕಾಯ್ತಾ ಕೂತಿದಾರೆ. ಗೆದ್ದವರು ಗ್ರೀಕರು, ನೋಡ್ತಾ ಕೂತವರೂ ಗ್ರೀಕರೇ. ಎಂಥಾ ಧೈರ್ಯ ಬೇಕು ಹೇಳಿ!

ಕಕೊಯಾನಿಸ್ ಇದನ್ನ ಒಂದೇ ಸಲ ಮಾಡಿ ಕೈ ತೊಳ್ಕೊಂಡಿಲ್ಲ. 1963ರಲ್ಲಿ ನ್ಯೂಯಾರ್ಕ್‌ನ ಸರ್ಕಲ್ ಇನ್ ದ ಸ್ಕ್ವೇರ್ ರಂಗಮಂದಿರದಲ್ಲಿ ಮಾಡಿಸಿದ್ರು, ಆರುನೂರಕ್ಕೂ ಹೆಚ್ಚು ಪ್ರದರ್ಶನ ಆಯ್ತು. 1965ರಲ್ಲಿ ಪ್ಯಾರಿಸ್‌ನಲ್ಲಿ ಸಾರ್ತ್ರ್ ಮಾಡಿದ ಫ್ರೆಂಚ್ ರೂಪಾಂತರನ ಇವರೇ ನಿರ್ದೇಶಿಸಿದ್ರು. ಸಿನಿಮಾಗೆ ಬಂದಾಗ ಈಡಿತ್ ಹ್ಯಾಮಿಲ್ಟನ್ ಅನುವಾದ ಇಟ್ಕೊಂಡ್ರು, ಟ್ರಾಯ್ ರಾಣಿ ಹೆಕ್ಯುಬಾ ಆಗಿ ಕ್ಯಾಥರೀನ್ ಹೆಪ್‌ಬರ್ನ್, ಅವಳ ಸೊಸೆ ಆಂಡ್ರೊಮಕಿ ಆಗಿ ವನೆಸ್ಸಾ ರೆಡ್‌ಗ್ರೇವ್, ಮಗಳು ಕಸಾಂಡ್ರಾ ಆಗಿ ಜೆನವೀವ್ ಬುಜೋಲ್ಡ್, ಯುದ್ಧಕ್ಕೆ ಕಾರಣ ಆದ ಹೆಲೆನ್ ಆಗಿ ಐರೀನ್ ಪಾಪಸ್. ಹೆಲೆನ್ ಮೊದಲು ಕಾಣಿಸೋದು ಬರೀ ಎರಡು ಕಣ್ಣಾಗಿ, ಮರದ ಹಲಗೆಗಳ ಸಂದಿನಲ್ಲಿ. ಹೊರಗೆ ಹೆಂಗಸರು ಒಂದು ಗುಟುಕು ನೀರಿಲ್ಲದೆ ಒದ್ದಾಡ್ತಿರುವಾಗ ಕಾವಲುಗಾರರ ಹತ್ರ ನೀರು ತರಿಸ್ಕೊಂಡು ಅವಳು ಮೈ ತೊಳ್ಕೊಳ್ತಾಳೆ, ಹೆಂಗಸರು ಕಲ್ಲು ಎತ್ಕೊಳ್ತಾರೆ. ನಾಟಕದ ಪಠ್ಯದಲ್ಲಿ ಇಲ್ಲದ ಈ ದೃಶ್ಯ ಹೆಲೆನ್ ಯಾರು ಅನ್ನೋದನ್ನ ಒಂದು ನಿಮಿಷದಲ್ಲಿ ಹೇಳಿಬಿಡತ್ತೆ. ನಾಟಕದ ಶುರುವಲ್ಲಿ ಬರೋ ಪೊಸೈಡನ್, ಅಥೀನಾ ದೇವರುಗಳ ಮಾತುಕತೆ ಇಲ್ಲೂ ಇಲ್ಲ.

ಸಿನಿಮಾ ಪೂರ್ತಿ ಗೆದ್ದಿದೆ ಅಂತ ಹೇಳಲಾರೆ. ಮಾತು ಜಾಸ್ತಿ, ನಾಲ್ಕು ನಟಿಯರ ಉಚ್ಚಾರಣೆ ನಾಲ್ಕು ಥರ, ಕೆಲವು ಕಡೆ ಸ್ಟೇಜ್ ಮೇಲಿನ ಅಭಿನಯ ಹಾಗೇ ಕ್ಯಾಮೆರಾ ಮುಂದೆ ಬಂದಿದೆ. ಆದ್ರೆ ಆಂಡ್ರೊಮಕಿಯ ಮಗುನ ಕೋಟೆ ಗೋಡೆಯಿಂದ ಎಸೆಯೋಕೆ ತಗೊಂಡು ಹೋಗ್ತಾರೆ ಅಂತ ಗೊತ್ತಾದಾಗ ರೆಡ್‌ಗ್ರೇವ್ ಮುಖ, ಆಮೇಲೆ ಮೊಮ್ಮಗನ ಹೆಣದ ಮುಂದೆ ಹೆಪ್‌ಬರ್ನ್, ಇವೆರಡು ನೋಡಿದವರು ಮಿಕ್ಕ ಕುಂದುಗಳನ್ನ ಮರೀತಾರೆ.

ಪ್ರಶ್ನೆ: ‘ಇಫಿಜೆನಿಯಾ’ ಕಥೆ ಕೇಳಿದಾಗ ನಮ್ಮ ‘ಕೆರೆಗೆ ಹಾರ’ ನೆನಪಾಯ್ತು. ಹೋಲಿಸಬಹುದಾ? (ಬಾಗಲಕೋಟೆಯಿಂದ)

ಖಂಡಿತ ಮೇಡಂ, ನಂಗೂ ಹಾಗೇ ಅನಿಸಿದೆ. ಅಲ್ಲಿ ಕೆರೆಗೆ ನೀರು ಬರಲ್ಲ, ಇಲ್ಲಿ ಟ್ರಾಯ್ ಯುದ್ಧಕ್ಕೆ ಹೊರಟ ಹಡಗಿಗೆ ಗಾಳಿ ಬರಲ್ಲ. ಅಲ್ಲಿ ಶಾಸ್ತ್ರ ಹೇಳೋನು, ಇಲ್ಲಿ ಕಾಲ್ಕಸ್ ಅನ್ನೋ ಪುರೋಹಿತ. ಬಲಿ ಮಾತ್ರ ಎರಡೂ ಕಡೆ ಮನೆಯ ಹೆಣ್ಮಗಳು. ಭಾಗೀರಥಿ ಗಂಡ ಮಾದೇವರಾಯ ದಂಡಿನಿಂದ ಬಂದು ತಾನೂ ಕೆರೆಗೆ ಹಾರ್ತಾನೆ, ಇಫಿಜೆನಿಯಾಗೆ ಗ್ರೀಕ್ ವೀರ ಅಕಿಲೀಸ್ ಜೊತೆ ಮದುವೆ ಅಂತ ಸುಳ್ಳು ಹೇಳಿ ಕರೆಸಿರ್ತಾರೆ, ಅಪ್ಪ ಅಗಮೆಮ್ನನ್ನೇ ಕರೆಸಿರ್ತಾನೆ.

ಯೂರಿಪಿಡೀಸ್ ಬದುಕಿನ ಕೊನೇಲಿ ಬರೆದ ನಾಟಕ ಇದು, ಅವನು ಸತ್ತ ಮೇಲೆ ಪ್ರದರ್ಶನ ಆಗಿ ಮೊದಲ ಬಹುಮಾನ ಬಂತು. ನಮಗೆ ಸಿಕ್ಕಿರೋ ಪಠ್ಯದ ಕೊನೇಲಿ ದೂತ ಬಂದು ಕತ್ತಿ ಬೀಳೋ ಹೊತ್ತಿಗೆ ಹುಡುಗಿ ಮಾಯ ಆಗಿ ಅಲ್ಲೊಂದು ಜಿಂಕೆ ಬಿದ್ದಿತ್ತು ಅಂತಾನೆ, ಆ ಭಾಗ ಯೂರಿಪಿಡೀಸ್‌ನದ್ದೇ ಅಲ್ಲ ಅಂತ ತುಂಬಾ ವಿದ್ವಾಂಸರ ಅಭಿಪ್ರಾಯ. ಕಕೊಯಾನಿಸ್ 1977ರ ಸಿನಿಮಾಲಿ ಜಿಂಕೆನ ಕೊನೆಯಿಂದ ಎತ್ತಿ ಶುರುವಿಗೆ ತಂದ್ರು. ಗಾಳಿ ಇಲ್ಲದೆ ದಡದಲ್ಲಿ ಬಿದ್ದಿರೋ ಸಾವಿರಾರು ಸೈನಿಕರು, ಹಸಿವು, ಅಸಹನೆ, ಅವರು ಆರ್ಟೆಮಿಸ್ ದೇವಿಯ ಕಾಡಿಗೆ ನುಗ್ಗಿ ಪವಿತ್ರ ಜಿಂಕೆನ ಕೊಲ್ತಾರೆ. ಆಮೇಲೆ ಕಾಲ್ಕಸ್ ಬಾಯಿಂದ ಬರೋ ದೇವವಾಣಿ ದೇವಿಯದ್ದಾ, ಇಲ್ಲಾ ಪುರೋಹಿತನ ಸಿಟ್ಟಾ ಅನ್ನೋ ಅನುಮಾನ ನಮ್ಮನ್ನ ಬಿಡಲ್ಲ. ನಾಟಕದಲ್ಲಿ ಕಾಲ್ಕಸ್, ಗ್ರೀಕ್ ನಾಯಕರಲ್ಲೊಬ್ಬ ಒಡಿಸ್ಯೂಸ್ ಇಬ್ಬರ ಹೆಸರು ಮಾತ್ರ ಬರತ್ತೆ, ವೇದಿಕೆಗೆ ಬರಲ್ಲ. ಸಿನಿಮಾಲಿ ಇಬ್ಬರೂ ಮೈದಾಳಿ ನಿಂತಿದಾರೆ, ಪಾಪ ಹುಡುಗಿ ಸಾವಿನ ಹಿಂದೆ ಯಾರ್ಯಾರ ಲೆಕ್ಕಾಚಾರ ಇದೆ ಅಂತ ಕಣ್ಣಾರೆ ಕಾಣತ್ತೆ. ತಪ್ಪಿಸಿಕೊಂಡು ಕಾಡಲ್ಲಿ ಓಡೋ ಇಫಿಜೆನಿಯಾನ ಸೈನಿಕರು ಅಟ್ಟಿಸಿಕೊಂಡು ಹೋಗುವಾಗ ಆ ಜಿಂಕೆ ನೆನಪಾಗದೆ ಇರಲ್ಲ. ತತಿಯಾನಾ ಪಾಪಮೋಸ್ಕು ಅನ್ನೋ ಎಳೇ ಹುಡುಗಿ ಆ ಪಾತ್ರ ಮಾಡಿದಾಳೆ, ಎಲ್ಲೂ ನಟನೆ ಅನ್ಸಲ್ಲ.

ಈ ಸಿನಿಮಾಗೂ ಸೈಪ್ರಸ್‌ಗೂ ಸಂಬಂಧ ಇದೆ ಅಂತ ನಾನು ನಂಬಿದೀನಿ. 1974ರ ಜುಲೈನಲ್ಲಿ ಗ್ರೀಕ್ ಸರ್ವಾಧಿಕಾರಿಗಳ ಕುಮ್ಮಕ್ಕಿನಿಂದ ಸೈಪ್ರಸ್‌ನಲ್ಲಿ ಕ್ಷಿಪ್ರಕ್ರಾಂತಿ ಆಯ್ತು, ಐದೇ ದಿನಕ್ಕೆ ಟರ್ಕಿ ಸೈನ್ಯ ಇಳೀತು, ದ್ವೀಪ ಎರಡಾಯ್ತು, ಲಕ್ಷಾಂತರ ಜನ ಮನೆ ಬಿಟ್ರು. ಕಕೊಯಾನಿಸ್ ಕ್ಯಾಮೆರಾ ತಗೊಂಡು ಹುಟ್ಟೂರ ದ್ವೀಪಕ್ಕೆ ಹೋಗಿ ನಿರಾಶ್ರಿತರನ್ನ ಮಾತಾಡಿಸಿ ‘ಅಟಿಲಾ 74’ ಅನ್ನೋ ಡಾಕ್ಯುಮೆಂಟರಿ ಮಾಡಿದ್ರು. ಮಗನಿಗಾಗಿ ಕಾಯೋ ತಾಯಂದಿರ ಮುಖಗಳು ಅದರ ತುಂಬಾ ಇವೆ. ಅದಾದ ಮೇಲೆ ಮಾಡಿದ್ದೇ ‘ಇಫಿಜೆನಿಯಾ’. ನಾಯಕರ ಮಹತ್ವಾಕಾಂಕ್ಷೆಗೆ ಯಾರ ಮಕ್ಕಳು ಸಾಯ್ತಾರೆ ಅನ್ನೋ ಪ್ರಶ್ನೆ ಅವರಿಗೆ ಓದಿನಿಂದ ಬಂದಿದ್ದಲ್ಲ.

ಕೊನೇಲಿ ಹುಡುಗಿ ಮೆಟ್ಟಿಲು ಹತ್ತಿ ಹೊಗೆಯೊಳಗೆ ಹೋಗ್ತಾಳೆ, ಗಾಳಿ ಬೀಸೋಕೆ ಶುರುವಾಗತ್ತೆ, ಅಪ್ಪ ಓಡ್ತಾನೆ, ನಮಗೆ ಕಾಣೋದು ಅವನ ಮುಖ ಮಾತ್ರ. ಜಿಂಕೆ ಬರಲ್ಲ, ದೇವಿ ಬರಲ್ಲ.

ಪ್ರಶ್ನೆ: ಕನ್ನಡಕ್ಕೆ ಗ್ರೀಕ್ ನಾಟಕ ಬಂದಿದ್ದು ಯಾವಾಗ? (ತುಮಕೂರಿನಿಂದ)

ಬಿ.ಎಂ.ಶ್ರೀ ಸೋಫೋಕ್ಲೀಸ್‌ನ ‘ಅಯಾಸ್’ ನಾಟಕನ ಮಹಾಭಾರತಕ್ಕೆ ಒಗ್ಗಿಸಿ ‘ಅಶ್ವತ್ಥಾಮನ್’ ಬರೆದ್ರು, ಏಸ್ಕಿಲಸ್‌ನ ‘ಪಾರಸಿಕರು’ ಕೂಡ ಅವರೇ ತಂದ್ರು. ಪಿ. ಲಂಕೇಶ್ ಈಡಿಪಸ್ ಮತ್ತು ಅಂತಿಗೊನೆ ನಾಟಕಗಳನ್ನ ಕನ್ನಡಕ್ಕೆ ತಂದಿದಾರೆ. ಇವನ್ನ ಓದಿಕೊಂಡು ಕಕೊಯಾನಿಸ್ ನೋಡಿದ್ರೆ ಮೇಳ, ದೂತ ಇವೆಲ್ಲ ಹೊಸದು ಅನ್ಸಲ್ಲ.

ಪ್ರಶ್ನೆ: ಇಷ್ಟೆಲ್ಲ ಮಾಡಿದ್ರೂ ಜನಕ್ಕೆ ಗೊತ್ತಿರೋದು ‘ಜೋರ್ಬಾ’ ಡ್ಯಾನ್ಸ್ ಒಂದೇ, ಬೇಜಾರಲ್ವಾ? (ಬೆಂಗಳೂರಿನಿಂದ)

ಡ್ಯಾನ್ಸ್ ಬಗ್ಗೆ ಬೇಜಾರಿಲ್ಲ, ಅದನ್ನಷ್ಟೇ ನೋಡಿ ಬಿಡ್ತಾರಲ್ಲ ಅದಕ್ಕೆ ಬೇಜಾರು. ಸಿರ್ತಾಕಿ ಅಂತ ಇವತ್ತು ಗ್ರೀಸ್‌ನ ಗುರುತಾಗಿರೋ ಆ ಕುಣಿತ ಹಳೇ ಜನಪದ ಅಲ್ಲ, ಹಸಾಪಿಕೊ ಅನ್ನೋ ಕುಣಿತದ ನಿಧಾನ ಮತ್ತು ವೇಗದ ಹೆಜ್ಜೆಗಳನ್ನ ಸೇರಿಸಿ ಈ ಸಿನಿಮಾಗೆ ಅಂತಲೇ ಕಟ್ಟಿದ್ದು, ಕ್ರೀಟ್‌ನ ಸ್ಟಾವ್ರೋಸ್ ಬೀಚಲ್ಲಿ ತೆಗೆದಿದ್ದು. ಆದ್ರೆ ಅದಕ್ಕೂ ಮುಂಚೆ ಐರೀನ್ ಪಾಪಸ್ ಮಾಡಿದ ವಿಧವೆನ ಇಡೀ ಊರು ಚರ್ಚ್ ಮುಂದೆ ಸುತ್ತುವರಿದು ಕೊಲ್ಲೋ ದೃಶ್ಯ ಇದೆ, ಮುದುಕಿ ಹೊರ್ತೆನ್ಸ್ ಪ್ರಾಣ ಹೋಗೋ ಮುಂಚೆನೇ ಕಪ್ಪುಬಟ್ಟೆ ಮುದುಕಿಯರು ಮನೆಗೆ ನುಗ್ಗಿ ಸಾಮಾನು ಹೊತ್ಕೊಂಡು ಹೋಗೋ ದೃಶ್ಯ ಇದೆ. ‘ಎಲೆಕ್ಟ್ರಾ’ದ ಮೇಳನೇ ಇಲ್ಲಿ ಕ್ರೂರವಾಗಿ ಬಂದಿದೆ. ಇವೆರಡನ್ನೂ ನೋಡಿ ಆಮೇಲೆ ಆ ಕುಣಿತ ನೋಡಿದ್ರೆ ಅದು ಟೂರಿಸಂ ಜಾಹೀರಾತಿನ ಕುಣಿತ ಆಗಿ ಕಾಣಲ್ಲ.

ಪ್ರಶ್ನೆ: ಆಸ್ಕರ್ ಬಂದಿತ್ತಾ? (ಕೋಲಾರದಿಂದ)

1964ರ ‘ಜೋರ್ಬಾ’ಗೆ ಮೂರು ಬಂತು: ಲೀಲಾ ಕೆದ್ರೋವಾಗೆ ಪೋಷಕ ನಟಿ, ಲಸಾಲಿಗೆ ಕ್ಯಾಮೆರಾ, ಫೊಟೊಪೌಲೋಸ್‌ಗೆ ಕಲಾ ನಿರ್ದೇಶನ. ಕಕೊಯಾನಿಸ್‌ಗೆ ನಾಮಿನೇಷನ್ ಮಾತ್ರ. ‘ಎಲೆಕ್ಟ್ರಾ’, ‘ಇಫಿಜೆನಿಯಾ’ ಎರಡೂ ವಿದೇಶಿ ಭಾಷೆ ವಿಭಾಗದಲ್ಲಿ ನಾಮಿನೇಟ್ ಆಗಿದ್ವು.

ಪ್ರಶ್ನೆ: ಅವರ ಫ್ಲಾಪ್ ಸಿನಿಮಾಗಳ ಬಗ್ಗೆ ಯಾರೂ ಮಾತಾಡಲ್ಲ ಯಾಕೆ? (ಶಿವಮೊಗ್ಗದಿಂದ)

ಮಾತಾಡೋಣ. ‘ಜೋರ್ಬಾ’ ಗೆದ್ದ ಮೇಲೆ 1967ರಲ್ಲಿ ‘ದ ಡೇ ದ ಫಿಶ್ ಕೇಮ್ ಔಟ್’ ಅಂತ ಅಣುಬಾಂಬ್ ಬಗ್ಗೆ ಒಂದು ವಿಡಂಬನೆ ಮಾಡಿದ್ರು, ಸ್ಪೇನ್‌ನ ಪಲೊಮಾರೆಸ್ ಹತ್ರ 1966ರಲ್ಲಿ ಅಮೆರಿಕದ ವಿಮಾನದಿಂದ ಬಾಂಬುಗಳು ಬಿದ್ದ ಘಟನೆಯಿಂದ ಹುಟ್ಟಿದ್ದು. ವಿಷಯ ಗಂಭೀರ, ಧಾಟಿ ಎಲ್ಲೋ ಕೈತಪ್ಪಿದೆ. ಚಿಲಿಯ ಸರ್ವಾಧಿಕಾರದ ಬಗ್ಗೆ ಮಾಡಿದ ‘ಸ್ವೀಟ್ ಕಂಟ್ರಿ’ ಕೂಡ ನಿಲ್ಲಲಿಲ್ಲ. 1999ರಲ್ಲಿ ಶಾರ್ಲೆಟ್ ರಾಂಪ್ಲಿಂಗ್, ಆಲನ್ ಬೇಟ್ಸ್ ಹಾಕ್ಕೊಂಡು ಚೆಕಾಫ್‌ನ ‘ಚೆರ್ರಿ ಆರ್ಚರ್ಡ್’ ಮಾಡಿದ್ರು, ನೋಡೋಕೆ ಚೆನ್ನಾಗಿದೆ, ಉಸಿರು ಕಮ್ಮಿ. ನಂಗನ್ಸೋದು, ಅವರ ಕ್ಯಾಮೆರಾಗೆ ಒಣ ಬೆಟ್ಟ, ಬಿಸಿಲು, ಗುಂಪಾಗಿ ನಿಂತ ಜನ ಬೇಕಿತ್ತು, ಅವು ಸಿಕ್ಕಲ್ಲೆಲ್ಲ ಗೆದ್ದಿದಾರೆ.

ಪ್ರಶ್ನೆ: ಅಂಜೆಲೊಪೌಲೋಸ್ ದೊಡ್ಡವರಾ, ಕಕೊಯಾನಿಸ್ ದೊಡ್ಡವರಾ? (ಉಡುಪಿಯಿಂದ)

ದಾರಿ ಬೇರೆ ಬೇರೆ. ಇನ್ನೊಬ್ಬ ಗ್ರೀಕ್ ನಿರ್ದೇಶಕ ಥಿಯೊ ಅಂಜೆಲೊಪೌಲೋಸ್ ‘ದ ಟ್ರಾವೆಲಿಂಗ್ ಪ್ಲೇಯರ್ಸ್’ನಲ್ಲಿ ಇದೇ ಎಲೆಕ್ಟ್ರಾ, ಒರೆಸ್ಟೀಸ್ ಕಥೆನ 1939ರಿಂದ 1952ರ ಗ್ರೀಸ್‌ನಲ್ಲಿ ಊರೂರು ತಿರುಗೋ ನಾಟಕ ಕಂಪನಿಯೊಳಗೆ ಬಚ್ಚಿಟ್ರು, ದೂರದಿಂದ, ಉದ್ದುದ್ದ ಶಾಟ್‌ಗಳಲ್ಲಿ. ಕಕೊಯಾನಿಸ್ ಮುಖದ ಹತ್ರ ಹೋಗ್ತಾರೆ. ಹೊಸದಾಗಿ ನೋಡೋರಿಗೆ ನಾನು ಕಕೊಯಾನಿಸ್‌ನೇ ಕೊಡ್ತೀನಿ, ಯಾಕಂದ್ರೆ ಅವರು ಹಿಂದಿನ ಕಥೆ ಗೊತ್ತಿಲ್ಲದವರನ್ನೂ ಕೈಹಿಡಿದು ಒಳಗೆ ಕರ್ಕೊಂಡು ಹೋಗ್ತಾರೆ.

ಪ್ರಶ್ನೆ: ಮೂರೂ ಗ್ರೀಕ್ ಸಿನಿಮಾ ನೋಡಬೇಕು ಅಂದ್ಕೊಂಡಿದೀನಿ, ಯಾವ ಆರ್ಡರ್‌ನಲ್ಲಿ ನೋಡ್ಲಿ? (ಬಳ್ಳಾರಿಯಿಂದ)

ಕಥೆಯ ಕ್ರಮ ಬೇರೆ, ಸಿನಿಮಾ ಬಂದ ಕ್ರಮ ಬೇರೆ, ಒಂದಕ್ಕೊಂದು ಪೂರ್ತಿ ಉಲ್ಟಾ. ಕಥೆ ಪ್ರಕಾರ ಮೊದಲು ‘ಇಫಿಜೆನಿಯಾ’, ಅಂದ್ರೆ ಯುದ್ಧಕ್ಕೆ ಹೊರಡೋದು. ಆಮೇಲೆ ‘ಟ್ರೋಜನ್ ವಿಮೆನ್’, ಯುದ್ಧ ಮುಗಿದಿದ್ದು. ಕೊನೆಗೆ ‘ಎಲೆಕ್ಟ್ರಾ’, ಮನೆಗೆ ಬಂದ ಮೇಲಿನ ಕೊಲೆಗಳು. ಅವರು ಮಾಡಿದ್ದು ಕೊನೆಯಿಂದ ಶುರುವಿನ ಕಡೆಗೆ, 1962, 1971, 1977.

ಮೊದಲ ಸಲ ಸಿನಿಮಾ ಬಂದ ಕ್ರಮದಲ್ಲೇ ನೋಡಿ. ಕಾರಣ ಐರೀನ್ ಪಾಪಸ್. ‘ಎಲೆಕ್ಟ್ರಾ’ದಲ್ಲಿ ಅವರು ತಾಯಿ ಕ್ಲೈಟಮ್ನೆಸ್ಟ್ರಾನ ಕೊಲ್ಲಿಸೋ ಮಗಳು, ನೀವೂ ಮಗಳ ಪಕ್ಷ ವಹಿಸ್ತೀರಿ, ತಾಯಿ ಮೇಲೆ ಕೋಪ ಬರತ್ತೆ. ಹದಿನೈದು ವರ್ಷ ಆದ್ಮೇಲೆ ‘ಇಫಿಜೆನಿಯಾ’ದಲ್ಲಿ ಅದೇ ನಟಿ ಅದೇ ಕ್ಲೈಟಮ್ನೆಸ್ಟ್ರಾ, ಕಣ್ಣೆದುರಿಗೇ ಮಗಳನ್ನ ಕಿತ್ಕೊಂಡು ಹೋಗ್ತಾರೆ, ಗಾಡಿಲಿ ವಾಪಸ್ ಹೋಗ್ತಾ ಹೊರಟ ಹಡಗುಗಳ ಕಡೆ ಅವಳು ನೋಡೋ ನೋಟ ಇದೆಯಲ್ಲ, ಮುಂದೆ ಗಂಡನ್ನ ಯಾಕೆ ಕೊಂದಳು ಅಂತ ಯಾರೂ ವಿವರಿಸಬೇಕಾಗಿಲ್ಲ. ಆಮೇಲೆ ಮತ್ತೊಂದು ಸಲ ‘ಎಲೆಕ್ಟ್ರಾ’ ಹಾಕ್ಕೊಳ್ಳಿ, ಆ ತಾಯಿ ಮಗಳ ಗುಡಿಸಲಿಗೆ ಬಂದು ತನ್ನ ಕಡೆ ಮಾತು ಹೇಳೋ ದೃಶ್ಯನ ಈ ಸಲ ನೀವು ಬೇರೆ ಥರ ಕೇಳ್ತೀರಿ. ಪ್ರಿಂಟ್ ಚೆನ್ನಾಗಿರೋದೇ ಹುಡುಕಿ, ಮಬ್ಬು ಕಾಪಿಲಿ ‘ಎಲೆಕ್ಟ್ರಾ’ಗೆ ಲಸಾಲಿ ಕೊಟ್ಟ ಬೆಳಕು ಪೂರ್ತಿ ಹಾಳಾಗಿರತ್ತೆ.